ಬೀಬಿ ಆಂಡರ್ಸನ್: ಪದೇ ಪದೇ ಕೇಳುವ ಪ್ರಶ್ನೆಗಳು

ಸ್ವೀಡನ್ನಿನ ನಟಿ ಬೀಬಿ ಆಂಡರ್ಸನ್ ಬಗ್ಗೆ ಮಾತುಕತೆಯಲ್ಲಿ, ಪತ್ರಗಳಲ್ಲಿ, ಸಿನಿಮಾ ಮುಗಿದ ಮೇಲಿನ ಚರ್ಚೆಗಳಲ್ಲಿ ಮತ್ತೆ ಮತ್ತೆ ಎದುರಾಗುವ ಪ್ರಶ್ನೆಗಳಿವು. ಕೇಳಿದವರ ಮಾತನ್ನು ಆದಷ್ಟು ಹಾಗೆಯೇ ಇಟ್ಟಿದ್ದೇವೆ. ಮೊದಲು ಪರಿಚಯದ ಪ್ರಶ್ನೆಗಳು, ಬರುಬರುತ್ತಾ ಆಳದವು. ಯಾವುದರಿಂದ ಬೇಕಾದರೂ ಓದಲು ಶುರುಮಾಡಬಹುದು.

## ಪರಿಚಯ

ಬೀಬಿ ಆಂಡರ್ಸನ್ ಯಾರು? ಚುಟುಕಾಗಿ ಹೇಳಿ.

1935ರ ನವೆಂಬರ್ 11ರಂದು ಸ್ಟಾಕ್‌ಹೋಮ್‌ನಲ್ಲಿ ಹುಟ್ಟಿ, 2019ರ ಏಪ್ರಿಲ್ 14ರಂದು ಅದೇ ಊರಿನಲ್ಲಿ ತೀರಿಕೊಂಡ ನಟಿ. ಐವತ್ತರ ದಶಕದಿಂದ 2009ರವರೆಗೆ ಸಿನಿಮಾ, ಟಿವಿ, ರಂಗಭೂಮಿ ಮೂರರಲ್ಲೂ ದುಡಿದರು. ಸ್ವೀಡನ್ನಿನ ಹೆಸರಾಂತ ನಿರ್ದೇಶಕ ಇಂಗ್ಮಾರ್ ಬರ್ಗ್‌ಮನ್ ಅವರ 'ದಿ ಸೆವೆಂತ್ ಸೀಲ್', 'ವೈಲ್ಡ್ ಸ್ಟ್ರಾಬೆರೀಸ್', 'ಪೆರ್ಸೋನಾ' ಚಿತ್ರಗಳ ಮೂಲಕ ಜಗತ್ತಿಗೆಲ್ಲ ಗೊತ್ತಾದರು. ಇವರನ್ನು ಬರ್ಗ್‌ಮನ್ ಚಿತ್ರಗಳ 'ನಗುಮುಖದ ಹುಡುಗಿ' ಎಂದು ಕರೆದು ಮುಂದೆ ಹೋಗುವವರು ಬಹಳ. ನಮ್ಮ ಪ್ರಕಾರ ಅದು ಅರ್ಧ ಸತ್ಯ ಕೂಡ ಅಲ್ಲ. ಮಾತನ್ನೇ ಅಭಿನಯದ ಮುಖ್ಯ ಸಲಕರಣೆ ಮಾಡಿಕೊಂಡ, ಒಂದೇ ವಾಕ್ಯದೊಳಗೆ ಸಂತೋಷದಿಂದ ಅವಮಾನಕ್ಕೆ, ಅವಮಾನದಿಂದ ಸಿಟ್ಟಿಗೆ ಜಾರಬಲ್ಲ ನಟಿ ಇವರು. ಕೆಳಗಿನ ಉತ್ತರಗಳಲ್ಲಿ ಅದನ್ನು ದೃಶ್ಯ ಸಮೇತ ತೋರಿಸಿದ್ದೇವೆ.

ಹ್ಯಾರಿಯೆಟ್ ಆಂಡರ್ಸನ್ ಇವರ ಅಕ್ಕನಾ?

ಅಲ್ಲ, ಇಬ್ಬರಿಗೂ ಯಾವ ಸಂಬಂಧವೂ ಇಲ್ಲ. ಆಂಡರ್ಸನ್ ಎಂಬುದು ಸ್ವೀಡನ್ನಿನಲ್ಲಿ ಬೀದಿಗೊಂದರಂತೆ ಸಿಗುವ ಮನೆತನದ ಹೆಸರು. ಇಬ್ಬರೂ ಬರ್ಗ್‌ಮನ್ ಚಿತ್ರಗಳಲ್ಲಿ ನಟಿಸಿದ್ದರಿಂದ ಗೊಂದಲ ಹೆಚ್ಚು. 'ಸಮ್ಮರ್ ವಿತ್ ಮೋನಿಕಾ' ಮತ್ತು 'ಥ್ರೂ ಎ ಗ್ಲಾಸ್ ಡಾರ್ಕ್‌ಲಿ' ಚಿತ್ರಗಳಲ್ಲಿ ಇರುವವರು ಹ್ಯಾರಿಯೆಟ್. ಬೀಬಿಯವರ ಸ್ವಂತ ಅಕ್ಕ ಗೆರ್ಡ್ ಆಂಡರ್ಸನ್ ಬ್ಯಾಲೆ ನರ್ತಕಿ. ಇನ್ನೊಂದು ತಪ್ಪು ತಿಳಿವಳಿಕೆಯನ್ನೂ ಇಲ್ಲೇ ತಿದ್ದಿಬಿಡುತ್ತೇವೆ: 'ಪೆರ್ಸೋನಾ'ದಲ್ಲಿ ಜೊತೆಗಿರುವ ಲಿವ್ ಉಲ್ಮನ್ ನಾರ್ವೆಯವರು, ಸ್ವೀಡನ್ನಿನವರಲ್ಲ.

ಹೆಸರು ಹೇಗೆ ಉಚ್ಚರಿಸಬೇಕು? ಬೀಬಿ ನಿಜವಾದ ಹೆಸರೇ?

ಹುಟ್ಟು ಹೆಸರು ಬೆರಿಟ್ ಎಲಿಸಬೆಟ್ ಆಂಡರ್ಸನ್. ಬೀಬಿ ಎನ್ನುವುದು ಕರೆಯುವ ಹೆಸರು, ಅದೇ ಪರದೆಯ ಮೇಲೂ ನಿಂತಿತು. ಸ್ವೀಡಿಷ್‌ನಲ್ಲಿ 'ಆಂಡೆಷೊನ್' ಎಂಬಂತೆ ಕೇಳುತ್ತದೆ. ಕನ್ನಡದಲ್ಲಿ ಆಂಡರ್ಸನ್ ಎಂದೇ ಬರೆದರೆ ಸಾಕು, ಎಲ್ಲರಿಗೂ ಗೊತ್ತಾಗುತ್ತದೆ.

ಸಾಬೂನಿನ ಜಾಹೀರಾತಿನಿಂದ ಶುರುಮಾಡಿದರು ಅಂತಾರೆ, ಹೌದಾ?

ಹೌದು. 1951ರಲ್ಲಿ ಮನರಂಜನಾ ತೆರಿಗೆಯ ಜಗಳದಿಂದಾಗಿ ಸ್ವೀಡನ್ನಿನ ಚಿತ್ರೋದ್ಯಮ ತಾನಾಗಿ ಬಾಗಿಲು ಹಾಕಿಕೊಂಡಿತ್ತು. ಕೈಯಲ್ಲಿ ಕೆಲಸವಿಲ್ಲದ ಬರ್ಗ್‌ಮನ್ ಸಂಸಾರ ಸಾಗಿಸಲು 'ಬ್ರಿಸ್' ಎಂಬ ಸಾಬೂನಿಗೆ ಒಂಬತ್ತು ಜಾಹೀರಾತು ಚಿತ್ರ ಮಾಡಿಕೊಟ್ಟರು. ಅದರಲ್ಲೊಂದು ರಾಜಕುಮಾರಿ ಮತ್ತು ಹಂದಿ ಕಾಯುವವನ ಕಥೆ. ರಾಜಕುಮಾರಿಗೆ ಸಾಬೂನು ಬೇಕು, ಅವನಿಗೆ ಬದಲಿಗೆ ಅವಳಿಂದ ನೂರು ಚುಂಬನ ಬೇಕು. ಆ ರಾಜಕುಮಾರಿ ಹದಿನೈದರ ಬೀಬಿ. ಇಬ್ಬರೂ ಜೊತೆಯಾಗಿ ಮಾಡಿದ ಮೊದಲ ಕೆಲಸ ಇದೇ.

ನಟನೆ ಎಲ್ಲಿ ಕಲಿತರು?

ಹದಿಹರೆಯದಲ್ಲಿ ಸಿನಿಮಾಗಳಲ್ಲಿ ಗುಂಪಿನೊಳಗೊಬ್ಬರಾಗಿ ನಿಂತದ್ದು, ಸಣ್ಣಪುಟ್ಟ ಪಾತ್ರ ಮಾಡಿದ್ದು ಉಂಟು. ಸರಿಯಾದ ತರಬೇತಿ ಸಿಕ್ಕಿದ್ದು ಸ್ಟಾಕ್‌ಹೋಮ್‌ನ ರಾಷ್ಟ್ರೀಯ ರಂಗಮಂದಿರವಾದ ಡ್ರಾಮಾಟೆನ್‌ನ ನಟನಾ ಶಾಲೆಯಲ್ಲಿ, 1954ರಿಂದ 1956ರವರೆಗೆ. ಆಮೇಲೆ ಮಾಲ್ಮೋ ನಗರ ರಂಗಮಂದಿರ ಸೇರಿದರು. ಅಲ್ಲಿ ಆಗ ಬರ್ಗ್‌ಮನ್ ನಾಟಕ ನಿರ್ದೇಶಕರು. ಚಳಿಗಾಲದಲ್ಲಿ ನಾಟಕ, ಬೇಸಿಗೆಯಲ್ಲಿ ಅದೇ ತಂಡದೊಂದಿಗೆ ಸಿನಿಮಾ: ಐವತ್ತರ ದಶಕದ ಕೊನೆಯ ಬರ್ಗ್‌ಮನ್ ಚಿತ್ರಗಳಲ್ಲಿ ನಟರ ನಡುವೆ ಕಾಣುವ ಹೊಂದಾಣಿಕೆಗೆ ಈ ವೇಳಾಪಟ್ಟಿಯೇ ಕಾರಣ. ಕ್ಯಾಮೆರಾ ಮುಂದೆ ಬರುವಷ್ಟರಲ್ಲಿ ಒಬ್ಬರ ಉಸಿರು ಇನ್ನೊಬ್ಬರಿಗೆ ಗೊತ್ತಿರುತ್ತಿತ್ತು.

ಇವರ ಒಂದೂ ಸಿನಿಮಾ ನೋಡಿಲ್ಲ. ಎಲ್ಲಿಂದ ಶುರುಮಾಡಲಿ?

'ವೈಲ್ಡ್ ಸ್ಟ್ರಾಬೆರೀಸ್'ನಿಂದ. ಸುಮಾರು ಒಂದೂವರೆ ಗಂಟೆ, ಕಥೆ ಸರಳ, ಬೀಬಿ ಎರಡು ಪಾತ್ರದಲ್ಲಿದ್ದಾರೆ. ಎರಡನೆಯದಾಗಿ 'ದಿ ಸೆವೆಂತ್ ಸೀಲ್'. ಮೂರನೆಯದಾಗಿ 'ದಿ ಟಚ್' ನೋಡಿ. ಇದನ್ನು ಪಟ್ಟಿಯಲ್ಲಿ ಯಾರೂ ಸೇರಿಸುವುದಿಲ್ಲ, ಆದರೆ ಪ್ರಬುದ್ಧ ವಯಸ್ಸಿನ ಬೀಬಿ ಇಡೀ ಚಿತ್ರವನ್ನು ಹೊತ್ತು ನಡೆಯುವುದು ಇದರಲ್ಲೇ. 'ಪೆರ್ಸೋನಾ'ವನ್ನು ನಾಲ್ಕನೆಯದಾಗಿ ಇಟ್ಟುಕೊಳ್ಳಿ. ಅದನ್ನೇ ಮೊದಲು ಹಾಕಿದವರಲ್ಲಿ ಹೆಚ್ಚಿನವರು ಮೊದಲ ಏಳೆಂಟು ನಿಮಿಷದ ಬಿಡಿಚಿತ್ರಗಳಲ್ಲೇ ತಡವರಿಸಿ ನಿಲ್ಲಿಸಿಬಿಡುತ್ತಾರೆ. ಬೀಬಿಯವರ ದನಿ, ನಡಿಗೆ ಪರಿಚಯವಾದ ಮೇಲೆ ಅದೇ ಚಿತ್ರ ಕೈಹಿಡಿದು ಕರೆದುಕೊಂಡು ಹೋಗುತ್ತದೆ.

ಒಂದೇ ಸಿನಿಮಾಕ್ಕೆ ಎರಡು ಮೂರು ಹೆಸರು ಕಾಣುತ್ತದಲ್ಲ, ಹುಡುಕುವುದು ಹೇಗೆ?

ಬ್ರಿಟನ್ನಿನಲ್ಲಿ ಒಂದು, ಅಮೆರಿಕದಲ್ಲಿ ಇನ್ನೊಂದು ಹೆಸರಿಟ್ಟದ್ದರ ಫಲ ಇದು. 'ದಿ ಮೆಜೀಶಿಯನ್' ಮತ್ತು 'ದಿ ಫೇಸ್' ಒಂದೇ ಚಿತ್ರ. 'ಬ್ರಿಂಕ್ ಆಫ್ ಲೈಫ್' ಮತ್ತು 'ಸೋ ಕ್ಲೋಸ್ ಟು ಲೈಫ್' ಒಂದೇ. 'ಆಲ್ ದೀಸ್ ವಿಮೆನ್' ಮತ್ತು 'ನೌ ಅಬೌಟ್ ದೀಸ್ ವಿಮೆನ್' ಒಂದೇ. ಅಮೆರಿಕನ್ನರು 'ದಿ ಪ್ಯಾಶನ್ ಆಫ್ ಆನಾ' ಎನ್ನುವುದಕ್ಕೆ ಮೂಲ ಹೆಸರು ಬರೀ 'ಪ್ಯಾಶನ್'. ಹೆಸರಿನ ಜೊತೆ ಬಿಡುಗಡೆಯ ವರ್ಷವನ್ನೂ ಹಾಕಿ ಹುಡುಕಿದರೆ ದಾರಿ ತಪ್ಪುವುದಿಲ್ಲ. ಪಾತ್ರವರ್ಗ ಖಚಿತಪಡಿಸಿಕೊಳ್ಳಲು ಸ್ವೀಡಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್‌ನ ಚಲನಚಿತ್ರ ಡೇಟಾಬೇಸ್ ಎಲ್ಲಕ್ಕಿಂತ ನಂಬಿಕಸ್ಥ.

## ಬರ್ಗ್‌ಮನ್ ಜೊತೆಗಿನ ವರ್ಷಗಳು

ಬರ್ಗ್‌ಮನ್ ಜೊತೆ ಒಟ್ಟು ಎಷ್ಟು ಸಿನಿಮಾ? ಒಂದು ಕಡೆ ಹತ್ತು, ಇನ್ನೊಂದು ಕಡೆ ಹದಿಮೂರು ಅಂತ ಇದೆ.

ಎರಡೂ ಸರಿ, ಎಣಿಸುವ ರೀತಿ ಬೇರೆ. ಚಿತ್ರಮಂದಿರಕ್ಕೆಂದು ಮಾಡಿದವು ಹತ್ತು: 'ಸ್ಮೈಲ್ಸ್ ಆಫ್ ಎ ಸಮ್ಮರ್ ನೈಟ್' (1955), 'ದಿ ಸೆವೆಂತ್ ಸೀಲ್' (1957), 'ವೈಲ್ಡ್ ಸ್ಟ್ರಾಬೆರೀಸ್' (1957), 'ಬ್ರಿಂಕ್ ಆಫ್ ಲೈಫ್' (1958), 'ದಿ ಮೆಜೀಶಿಯನ್' (1958), 'ದಿ ಡೆವಿಲ್ಸ್ ಐ' (1960), 'ಆಲ್ ದೀಸ್ ವಿಮೆನ್' (1964), 'ಪೆರ್ಸೋನಾ' (1966), 'ದಿ ಪ್ಯಾಶನ್ ಆಫ್ ಆನಾ' (1969), 'ದಿ ಟಚ್' (1971). ಟಿವಿಗೆ ಮಾಡಿದವು ಮೂರು: 'ಹೆರ್ ಸ್ಲೀಮನ್ ಕೊಮ್ಮರ್' (1957), 'ರೇಬೀಸ್' (1958), 'ಸೀನ್ಸ್ ಫ್ರಮ್ ಎ ಮ್ಯಾರೇಜ್' (1973). ಕೊನೆಯದರ ಚಿಕ್ಕ ಆವೃತ್ತಿ ಚಿತ್ರಮಂದಿರಗಳಲ್ಲೂ ಓಡಿದ್ದರಿಂದ ಕೆಲವರು ಹನ್ನೊಂದು ಎನ್ನುತ್ತಾರೆ.

'ದಿ ಸೆವೆಂತ್ ಸೀಲ್'ನಲ್ಲಿ ಇವರದು ಸಣ್ಣ ಪಾತ್ರ ತಾನೇ? ಅಷ್ಟೊಂದು ಹೊಗಳುವುದು ಯಾಕೆ?

ಪರದೆಯ ಮೇಲಿನ ಸಮಯ ಕಡಿಮೆ, ಕಥೆಯಲ್ಲಿನ ತೂಕ ದೊಡ್ಡದು. ಪ್ಲೇಗ್ ಹಬ್ಬಿದ ನಾಡಿನಲ್ಲಿ ಸಾವಿನೊಂದಿಗೆ ಚದುರಂಗ ಆಡುತ್ತಿರುವ ಯೋಧನಿಗೆ (ಮ್ಯಾಕ್ಸ್ ವಾನ್ ಸೀಡೋ) ಸಂಜೆ ಬೆಳಕಿನಲ್ಲಿ ಅಲೆಮಾರಿ ಕಲಾವಿದೆ ಮಿಯಾ ಒಂದು ಬಟ್ಟಲು ಹಾಲು, ಒಂದಿಷ್ಟು ಕಾಡು ಸ್ಟ್ರಾಬೆರಿ ಕೊಡುತ್ತಾಳೆ. ಗಂಡ ಯೋಫ್ ಪಕ್ಕದಲ್ಲಿ ವಾದ್ಯ ಮೀಟುತ್ತಿದ್ದಾನೆ, ಮಗು ಮಲಗಿದೆ. ಯೋಧ ಕೊನೆಗೆ ತನ್ನ ಬದುಕಿನಲ್ಲಿ ಮಾಡುವ ಒಂದೇ ಅರ್ಥಪೂರ್ಣ ಕೆಲಸ ಈ ಮೂವರನ್ನು ಸಾವಿನ ಕಣ್ಣಿನಿಂದ ತಪ್ಪಿಸುವುದು. ಅದನ್ನು ನಾವು ನಂಬಬೇಕಾದರೆ ಆ ಸಂಜೆ ನಿಜವಾಗಿ ಹಿತವಾಗಿರಬೇಕು. ಬೀಬಿ ಅಲ್ಲಿ ಸಂತೋಷವನ್ನು ಪ್ರದರ್ಶಿಸುವುದಿಲ್ಲ. ಅತಿಥಿ ಬಂದಾಗ ಮನೆಯಾಕೆ ಮಾಡುವಂತೆ ಕೈ ಕೆಲಸ ಮಾಡುತ್ತಾ, ಮಾತಾಡುತ್ತಾ ಇರುತ್ತಾರೆ. ಚಿತ್ರೀಕರಣ 35 ದಿನಗಳಲ್ಲಿ, ಬಿಗಿ ಬಜೆಟ್‌ನಲ್ಲಿ, ಬಹುಪಾಲು ಸ್ಟಾಕ್‌ಹೋಮ್ ಬಳಿಯ ರೋಸುಂಡಾ ಸ್ಟುಡಿಯೋದಲ್ಲೇ ಮುಗಿಯಿತು. ಆಗ ಬೀಬಿಗೆ ಇಪ್ಪತ್ತು.

'ವೈಲ್ಡ್ ಸ್ಟ್ರಾಬೆರೀಸ್'ನ ಇಬ್ಬರು ಸಾರಾ ಒಬ್ಬರೇ ನಟಿಯಾ? ನನಗೆ ಗೊತ್ತೇ ಆಗಲಿಲ್ಲ!

ಒಬ್ಬರೇ. ಮೊದಲ ಸಾರಾ ಮುದುಕ ಇಸಾಕ್ ಬೋರಿಯ ನೆನಪಿನಲ್ಲಿರುವ, ಅವನನ್ನು ಬಿಟ್ಟು ಅವನ ಅಣ್ಣನನ್ನು ಮದುವೆಯಾದ ಸೋದರ ಸಂಬಂಧಿ. ಎರಡನೆಯವಳು ಇಟಲಿಗೆ ಹೊರಟು, ಇಬ್ಬರು ಹುಡುಗರ ಜೊತೆ ಅವನ ಕಾರು ಹತ್ತುವ ಬಾಯಿಬಡುಕಿ. ಗೊತ್ತಾಗದಿರಲು ಬಟ್ಟೆ, ಕೂದಲು ಮಾತ್ರ ಕಾರಣವಲ್ಲ. ಮೊದಲನೆಯವಳ ಬೆನ್ನು ನೇರ, ಮಾತು ಕಡಿದು ಕಡಿದು ಬರುತ್ತದೆ. ಎರಡನೆಯವಳು ಪ್ಯಾಂಟು ತೊಟ್ಟು, ಬಾಯಲ್ಲಿ ಪೈಪು ಇಟ್ಟುಕೊಂಡು, ಎಲ್ಲಿ ಬೇಕಾದಲ್ಲಿ ಒರಗುತ್ತಾಳೆ.

ಕನಸಿನ ದೃಶ್ಯವೊಂದನ್ನು ತಪ್ಪದೆ ನೋಡಿ. ಮೊದಲ ಸಾರಾ ಇಸಾಕನ ಮುಖಕ್ಕೆ ಕನ್ನಡಿ ಹಿಡಿದು, ನೀನು ಸಾಯಲಿರುವ ಮುದುಕ, ನನ್ನ ಮುಂದೆ ಇಡೀ ಬದುಕಿದೆ ಎಂದು ಹೇಳುತ್ತಾಳೆ. ಎದುರಿಗೆ ಇರುವವರು ಸ್ವೀಡಿಷ್ ಮೂಕಿಚಿತ್ರಗಳ ಮಹಾನ್ ನಿರ್ದೇಶಕ, 77 ವರ್ಷದ ವಿಕ್ಟರ್ ಶೋಸ್ತ್ರೋಮ್. ಇಪ್ಪತ್ತೊಂದರ ನಟಿ ಆ ಕ್ರೂರ ಮಾತನ್ನು ಸಿಟ್ಟಿಲ್ಲದೆ, ಅಯ್ಯೋ ಪಾಪ ಎನ್ನುವ ದನಿಯೂ ಇಲ್ಲದೆ, ಇದ್ದದ್ದನ್ನು ಇದ್ದ ಹಾಗೆ ಹೇಳುತ್ತಾರೆ. ಏಟು ಬೀಳುವುದು ಅದಕ್ಕೇ. 1958ರಲ್ಲಿ ಈ ಚಿತ್ರಕ್ಕೆ ಬರ್ಲಿನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಗೋಲ್ಡನ್ ಬೇರ್ ಬಂತು.

ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟಿ ಪ್ರಶಸ್ತಿ ಬಂದದ್ದು 'ಪೆರ್ಸೋನಾ'ಕ್ಕಾ?

ಅಲ್ಲ, 1958ರಲ್ಲಿ 'ಬ್ರಿಂಕ್ ಆಫ್ ಲೈಫ್'ಗೆ. ಅದೂ ನಾಲ್ವರಿಗೆ ಒಟ್ಟಿಗೆ: ಬೀಬಿ, ಎವಾ ಡಾಲ್‌ಬೆಕ್, ಇಂಗ್ರಿಡ್ ತುಲಿನ್, ಬಾರ್ಬ್ರೋ ಹ್ಯೂರ್ಟ್ ಆಫ್ ಓರ್ನೆಸ್. ಹೆರಿಗೆ ಆಸ್ಪತ್ರೆಯ ಒಂದೇ ವಾರ್ಡಿನಲ್ಲಿ ನಡೆಯುವ ಕಥೆ. ಬೀಬಿ ಮದುವೆಯಾಗದೆ ಗರ್ಭಿಣಿಯಾದ ಹುಡುಗಿ ಹ್ಯೋರ್ಡಿಸ್. ಪ್ರಶಸ್ತಿ ಹಂಚಿದ್ದು ಸರಿಯೇ, ಒಬ್ಬರನ್ನು ತೆಗೆದರೆ ಉಳಿದ ಮೂವರ ಅಭಿನಯ ನಿಲ್ಲುವುದಿಲ್ಲ.

'ಪೆರ್ಸೋನಾ' ಹುಟ್ಟಿದ್ದು ಹೇಗೆ? ಇಬ್ಬರು ನಟಿಯರ ಹೋಲಿಕೆ ನೋಡಿ ಬರೆದರಂತೆ?

ಹೌದು. ಬೀಬಿ ಮತ್ತು ಲಿವ್ 1962ರ 'ಶಾರ್ಟ್ ಈಸ್ ದಿ ಸಮ್ಮರ್' ಚಿತ್ರದ ಹೊತ್ತಿಗೆ ಗೆಳತಿಯರಾಗಿದ್ದರು. ಲಿವ್‌ರನ್ನು ಬರ್ಗ್‌ಮನ್‌ಗೆ ಪರಿಚಯಿಸಿದ್ದು ಬೀಬಿಯೇ. ಇಬ್ಬರನ್ನೂ ಹಾಕಿಕೊಂಡು ಬರ್ಗ್‌ಮನ್ ದೊಡ್ಡ ಚಿತ್ರವೊಂದನ್ನು ಯೋಜಿಸಿದ್ದರು. 1965ರ ಆರಂಭದಲ್ಲಿ ಅವರು ನ್ಯುಮೋನಿಯಾದಿಂದ ಆಸ್ಪತ್ರೆ ಸೇರಿದ್ದರಿಂದ ಅದು ಬಿದ್ದುಹೋಯಿತು. ಆಸ್ಪತ್ರೆಯಲ್ಲಿದ್ದಾಗ ಇಬ್ಬರ ಫೋಟೋ ನೋಡಿ ಮೂಡಿದ ಯೋಚನೆಯೇ 'ಪೆರ್ಸೋನಾ'. ಮಾತು ನಿಲ್ಲಿಸಿದ ನಟಿ ಎಲಿಸಬೆಟ್ ಲಿವ್, ಅವಳನ್ನು ನೋಡಿಕೊಳ್ಳುವ 25ರ ನರ್ಸ್ ಆಲ್ಮಾ ಬೀಬಿ. ಚಿತ್ರೀಕರಣ 1965ರ ಜುಲೈನಲ್ಲಿ ಸ್ಟಾಕ್‌ಹೋಮ್‌ನ ಸ್ಟುಡಿಯೋದಲ್ಲಿ ಶುರುವಾಗಿ ಸರಿಬರಲಿಲ್ಲ. ಸ್ವೀಡನ್ನಿನದೇ ಆದ ಫೋರೋ ದ್ವೀಪಕ್ಕೆ ಹೋದ ಮೇಲೆ ಹಿಡಿತ ಸಿಕ್ಕಿತು, ಮೊದಲು ತೆಗೆದ ಎಷ್ಟೋ ಭಾಗವನ್ನು ಮತ್ತೆ ತೆಗೆದರು. ಚಿತ್ರ ತೆರೆಗೆ ಬಂದದ್ದು 1966ರ ಅಕ್ಟೋಬರ್‌ನಲ್ಲಿ.

ಎಲ್ಲರೂ ಲಿವ್ ಉಲ್ಮನ್ ಮೌನದ ಬಗ್ಗೆ ಮಾತಾಡುತ್ತಾರೆ. ಬೀಬಿ ಮಾಡಿದ್ದರಲ್ಲಿ ವಿಶೇಷ ಏನು?

ಈ ಪ್ರಶ್ನೆ ಬಂದಾಗಲೆಲ್ಲ ಖುಷಿಯಾಗುತ್ತದೆ, ಯಾಕೆಂದರೆ ಚಿತ್ರದ ಹೆಚ್ಚುಕಡಿಮೆ ಎಲ್ಲ ಮಾತೂ ಬೀಬಿಯದೇ. ಎದುರಿನವರು ಉತ್ತರ ಕೊಡದಿದ್ದಾಗ ನಟರಿಗೆ ಸಂಭಾಷಣೆಯ ತಾಳ ಸಿಗುವುದಿಲ್ಲ. ಎಲ್ಲಿ ನಿಲ್ಲಬೇಕು, ಎಲ್ಲಿ ನಾಚಬೇಕು, ಯಾವಾಗ ಮಾತು ಹೆಚ್ಚಾಯಿತು ಎಂದು ಅನ್ನಿಸಬೇಕು, ಎಲ್ಲವನ್ನೂ ಒಬ್ಬರೇ ಹುಟ್ಟಿಸಿಕೊಳ್ಳಬೇಕು.

ರಾತ್ರಿ ಕುಡಿದು ಕೂತಾಗ ಆಲ್ಮಾ ಸಮುದ್ರ ತೀರದಲ್ಲಿ ಹಿಂದೊಮ್ಮೆ ನಡೆದದ್ದನ್ನು ಹೇಳುವ ದೃಶ್ಯ ನೋಡಿ. ಅವಳು, ಗೆಳತಿ, ಅಪರಿಚಿತ ಹುಡುಗರಿಬ್ಬರು, ಆಮೇಲೆ ಗರ್ಭಪಾತ. ಒಂದೇ ಒಂದು ಫ್ಲ್ಯಾಶ್‌ಬ್ಯಾಕ್ ಇಲ್ಲ. ಕುರ್ಚಿಯಲ್ಲಿ ಕೂತ ಆಲ್ಮಾ, ಹಾಸಿಗೆಯ ಮೇಲೆ ಕೇಳಿಸಿಕೊಳ್ಳುತ್ತಿರುವ ಎಲಿಸಬೆಟ್, ಅಷ್ಟೇ. ಆದರೂ ನೋಡಿದವರು ಆ ತೀರವನ್ನು ಕಣ್ಣಾರೆ ಕಂಡವರಂತೆ ವಿವರಿಸುತ್ತಾರೆ. ಬರೆದಿದ್ದ ಮಾತುಗಳಲ್ಲಿ ಕೆಲವು ಗಂಡಸಿನ ಬಾಯಿಯವು ಅನ್ನಿಸಿ ಬೀಬಿ ಅವನ್ನು ಹೆಣ್ಣೊಬ್ಬಳು ಹೇಳುವ ಹಾಗೆ ತಿದ್ದಿಕೊಂಡರು, ಬರ್ಗ್‌ಮನ್ ಒಪ್ಪಿದರು. ಹೇಳುತ್ತಾ ಹೇಳುತ್ತಾ ಆಲ್ಮಾಗೆ ತನ್ನ ಮಾತಿನಿಂದಲೇ ಅಚ್ಚರಿಯಾಗುತ್ತದೆ. ಕೊನೆಗೆ ಅಳು ಬರುವುದು ನಾಚಿಕೆಯಿಂದಲೋ ನೆನಪಿನ ಸುಖ ಕಳೆದುಹೋದದ್ದರಿಂದಲೋ ಎಂದು ಬೇರ್ಪಡಿಸಲು ಬಾರದಂತೆ ಅವರು ಅಳುತ್ತಾರೆ.

ಇದರ ಎದುರು ದೃಶ್ಯ ಗಾಜಿನ ಚೂರಿನದು. ತನ್ನ ಗುಟ್ಟನ್ನು ಎಲಿಸಬೆಟ್ ಪತ್ರದಲ್ಲಿ ಬರೆದು ಹಗುರ ಮಾಡಿದ್ದಾಳೆಂದು ಗೊತ್ತಾದ ಮೇಲೆ ಆಲ್ಮಾ ಅಂಗಳದಲ್ಲಿ ಒಡೆದ ಲೋಟದ ಚೂರುಗಳನ್ನು ಆರಿಸುತ್ತಾಳೆ, ಒಂದನ್ನು ಮಾತ್ರ ಬಿಡುತ್ತಾಳೆ. ಬರಿಗಾಲಿನ ಎಲಿಸಬೆಟ್ ಅತ್ತಿತ್ತ ಓಡಾಡುತ್ತಾಳೆ. ಆಲ್ಮಾ ಕಾಯುತ್ತಾಳೆ. ಮಾತಿನ ಮಲ್ಲಿಯಾಗಿದ್ದ ಹುಡುಗಿ ಇಲ್ಲಿ ತುಟಿ ಬಿಚ್ಚುವುದಿಲ್ಲ. ಚೂರು ಚುಚ್ಚಿದ ಮೇಲೆ ಫಿಲ್ಮೇ ಹರಿದು ಸುಟ್ಟುಹೋಗುತ್ತದೆ.

ಒಂದೇ ಸಂಭಾಷಣೆ ಎರಡು ಸಲ ಬರುತ್ತದೆ. ನನ್ನ ಪ್ರತಿ ಕೆಟ್ಟಿದೆಯಾ?

ಕೆಟ್ಟಿಲ್ಲ. ಎಲಿಸಬೆಟ್ ತನ್ನ ಮಗುವನ್ನು ದ್ವೇಷಿಸಿದ ಕಥೆಯನ್ನು ಆಲ್ಮಾ ಮೊದಲ ಸಲ ಹೇಳುವಾಗ ಕ್ಯಾಮೆರಾ ಪೂರ್ತಿ ಲಿವ್ ಮುಖದ ಮೇಲಿರುತ್ತದೆ, ಎರಡನೇ ಸಲ ಅದೇ ಮಾತು ಪೂರ್ತಿ ಬೀಬಿ ಮುಖದ ಮೇಲೆ. ಕೊನೆಗೆ ಎರಡು ಅರ್ಧಮುಖಗಳು ಸೇರಿ ಒಂದಾಗುತ್ತವೆ. ಆ ಜೋಡಿಸಿದ ಮುಖವನ್ನು ಮೊದಲು ತೋರಿಸಿದಾಗ ಇಬ್ಬರು ನಟಿಯರಿಗೂ ಅದರಲ್ಲಿ ತಮ್ಮ ಪಾಲು ಯಾವುದೆಂದು ಗುರುತು ಹತ್ತಲಿಲ್ಲ.

ನಡುವೆ ಫಿಲ್ಮು ಸುಡುವುದು, ಕೊನೆಯಲ್ಲಿ ಕ್ಯಾಮೆರಾ ಕಾಣುವುದೂ ಬೇಕೆಂದೇ ಮಾಡಿದ್ದು. ನಿಜವಾಗಿ ಕತ್ತರಿ ಬಿದ್ದದ್ದು ಹಳೆಯ ಅಮೆರಿಕನ್ ಮತ್ತು ಬ್ರಿಟಿಷ್ ಪ್ರತಿಗಳಿಗೆ: ಆರಂಭದ ಬಿಡಿಚಿತ್ರಗಳಲ್ಲಿ ಒಂದು ಮಿಂಚಿನ ಚೂರು ಹಾರಿದೆ, ತೀರದ ಕಥೆಯ ಸಬ್‌ಟೈಟಲ್ ಸಪ್ಪೆ ಮಾಡಿದ್ದಾರೆ. ಈಚಿನ ಡಿಸ್ಕ್‌ಗಳಲ್ಲಿ ಎರಡೂ ಸರಿಯಾಗಿವೆ.

## ಬರ್ಗ್‌ಮನ್ ಆಚೆಗೆ

ಬರ್ಗ್‌ಮನ್ ಇಲ್ಲದೆ ಒಳ್ಳೆಯ ಸಿನಿಮಾ ಮಾಡಿದ್ದಾರಾ?

ಮಾಡಿದ್ದಾರೆ. ವಿಲ್ಗೋಟ್ ಶೋಮನ್ ಅವರ ಮೊದಲ ಚಿತ್ರ 'ದಿ ಮಿಸ್ಟ್ರೆಸ್' (1962), ಮದುವೆಯಾದ ಗಂಡಸಿನ ಕಡೆ ಎಳೆತಕ್ಕೊಳಗಾದ ಯುವತಿಯ ಕಥೆ. ಅದಕ್ಕೆ 1963ರ ಬರ್ಲಿನ್ ಉತ್ಸವದಲ್ಲಿ ಶ್ರೇಷ್ಠ ನಟಿಯ ಸಿಲ್ವರ್ ಬೇರ್ ಸಿಕ್ಕಿತು. ಈ ಪ್ರಶಸ್ತಿ ಪೂರ್ತಿ ಇವರೊಬ್ಬರದು.

ಮಾಯ್ ಸೆಟರ್‌ಲಿಂಗ್ ನಿರ್ದೇಶಿಸಿದ 'ದಿ ಗರ್ಲ್ಸ್' (1968) ಇನ್ನೂ ಮುಖ್ಯ. ಯುದ್ಧ ನಿಲ್ಲಿಸಲು ಹೆಂಗಸರು ಒಂದಾಗುವ ಗ್ರೀಕ್ ನಾಟಕ 'ಲಿಸಿಸ್ಟ್ರಾಟಾ'ವನ್ನು ಊರೂರಿಗೆ ಒಯ್ಯುವ ಮೂವರು ನಟಿಯರು: ಬೀಬಿ, ಹ್ಯಾರಿಯೆಟ್ ಆಂಡರ್ಸನ್, ಗುನ್ನೆಲ್ ಲಿಂಡ್‌ಬ್ಲೂಮ್. ಒಂದು ಊರಿನಲ್ಲಿ ನಾಟಕ ಮುಗಿದ ಮೇಲೆ ಬೀಬಿಯ ಪಾತ್ರ ಲಿಜ್ ಪ್ರೇಕ್ಷಕರನ್ನು ತಡೆದು, ನೀವು ನೋಡಿದ್ದರ ಬಗ್ಗೆ ಮಾತಾಡೋಣ ಎನ್ನುತ್ತಾಳೆ. ಸಭೆ ಮುಖ ಮುಖ ನೋಡಿಕೊಳ್ಳುತ್ತದೆ. ಬಿಡುಗಡೆಯಾದಾಗ ಸ್ವೀಡಿಷ್ ವಿಮರ್ಶಕರು ಈ ಚಿತ್ರವನ್ನು ಹೀಯಾಳಿಸಿದರು. ಮುಂದೆ ಸ್ತ್ರೀವಾದಿಗಳು ಇದನ್ನು ಎತ್ತಿಹಿಡಿದರು, ಅವರೇ ಸರಿ.

ಹಾಲಿವುಡ್‌ನಲ್ಲಿ ಯಾಕೆ ನಡೆಯಲಿಲ್ಲ?

ಸಿಕ್ಕಿದ ಪಾತ್ರಗಳನ್ನು ನೋಡಿದರೆ ಉತ್ತರ ಅಲ್ಲೇ ಇದೆ. 'ಡ್ಯುಯಲ್ ಅಟ್ ಡಿಯಾಬ್ಲೋ' (1966) ವೆಸ್ಟರ್ನ್, ಜೇಮ್ಸ್ ಗಾರ್ನರ್ ಮತ್ತು ಸಿಡ್ನಿ ಪೊಯಿಟಿಯೆ ಜೊತೆ. ಜಾನ್ ಹ್ಯೂಸ್ಟನ್ ಅವರ 'ದಿ ಕ್ರೆಮ್ಲಿನ್ ಲೆಟರ್' (1970) ಗೂಢಚಾರರ ಗೋಜಲು. ಸ್ಟೀವ್ ಮೆಕ್ವೀನ್ ಜೊತೆಗಿನ ಇಬ್ಸೆನ್ ನಾಟಕ 'ಆನ್ ಎನಿಮಿ ಆಫ್ ದಿ ಪೀಪಲ್' (1978) ಸರಿಯಾಗಿ ಬಿಡುಗಡೆಯನ್ನೇ ಕಾಣಲಿಲ್ಲ. ರಾಬರ್ಟ್ ಆಲ್ಟ್‌ಮನ್ ಅವರ 'ಕ್ವಿಂಟೆಟ್' (1979) ಮಾಂಟ್ರಿಯಲ್ ಚಳಿಯಲ್ಲಿ ತೆಗೆದದ್ದು, ಯಾರನ್ನೂ ಮೆಚ್ಚಿಸಲಿಲ್ಲ. ಅದೇ ವರ್ಷ ಏರ್‌ಪೋರ್ಟ್ ಸರಣಿಯ ಕಾಂಕಾರ್ಡ್ ಚಿತ್ರದಲ್ಲಿ ಪುಟ್ಟ ಪಾತ್ರ. ಬೀಬಿಯ ಬಲ ಇದ್ದದ್ದು ಉದ್ದನೆಯ, ತಿರುವುಗಳಿರುವ ಮಾತಿನಲ್ಲಿ. ಆ ಚಿತ್ರಗಳು ಕೊಟ್ಟದ್ದು ಪ್ರತಿಕ್ರಿಯೆ ತೋರಿಸುವ ಕೆಲಸ.

ಒಂದನ್ನು ಮಾತ್ರ ಪಕ್ಕಕ್ಕಿಡಿ: 'ಐ ನೆವರ್ ಪ್ರಾಮಿಸ್ಡ್ ಯು ಎ ರೋಸ್ ಗಾರ್ಡನ್' (1977). ಅದರಲ್ಲಿ ಹುಡುಗಿಯೊಬ್ಬಳಿಗೆ ಚಿಕಿತ್ಸೆ ಕೊಡುವ ಮನೋವೈದ್ಯೆ ಡಾಕ್ಟರ್ ಫ್ರೀಡ್ ಇವರು. 'ಪೆರ್ಸೋನಾ'ದಲ್ಲಿ ತಾಳ್ಮೆ ಕಳೆದುಕೊಂಡ ಆರೈಕೆಗಾರ್ತಿ, ಇಲ್ಲಿ ತಾಳ್ಮೆ ಬಿಡದ ಆರೈಕೆಗಾರ್ತಿ. ಎರಡನ್ನೂ ಹತ್ತಿರ ಹತ್ತಿರ ನೋಡಿದರೆ ಕಲಿಯುವುದು ಬಹಳ ಇದೆ.

ಟಿವಿಯಲ್ಲಿ ಏನೇನು ಮಾಡಿದ್ದಾರೆ?

ಸ್ವೀಡನ್ನಿನಲ್ಲಿ ಟಿವಿ ನಿಯಮಿತವಾಗಿ ಶುರುವಾದದ್ದು 1956ರಲ್ಲಿ, ಮರುವರ್ಷವೇ ಬೀಬಿ 'ಹೆರ್ ಸ್ಲೀಮನ್ ಕೊಮ್ಮರ್' ನಾಟಕದೊಂದಿಗೆ ಅದರಲ್ಲಿದ್ದರು. ಅಂದರೆ ಆ ದೇಶದ ಟಿವಿಗೂ ಇವರಿಗೂ ವೃತ್ತಿಯ ವಯಸ್ಸು ಹೆಚ್ಚುಕಡಿಮೆ ಒಂದೇ.

'ಸೀನ್ಸ್ ಫ್ರಮ್ ಎ ಮ್ಯಾರೇಜ್' (1973) ಆರು ಕಂತಿನದು. ಬೀಬಿ ಬರುವುದು ಮೊದಲ ಕಂತಿನಲ್ಲಿ. ಸುಖೀ ದಂಪತಿಯ ಮನೆಗೆ ಊಟಕ್ಕೆ ಬಂದ ಕತರೀನಾ ಮತ್ತು ಪೀಟರ್ (ಯಾನ್ ಮಾಲ್ಮ್‌ಶೋ) ಅವರೆದುರೇ ಒಬ್ಬರನ್ನೊಬ್ಬರು ಹರಿದು ತಿನ್ನುತ್ತಾರೆ, ಕತರೀನಾ ಗಂಡನ ಮುಖಕ್ಕೆ ಬ್ರಾಂಡಿ ಎರಚುತ್ತಾಳೆ. ಮುಂದಿನ ಐದು ಕಂತುಗಳಲ್ಲಿ ಆ ಮನೆಯವರಿಗೆ ಆಗುವುದೆಲ್ಲ ಇಲ್ಲೇ ಮುನ್ಸೂಚನೆಯಾಗಿ ಬಂದಿದೆ. ಅದಕ್ಕೇ ಚಿಕ್ಕ ಆವೃತ್ತಿ ಬೇಡ, ಟಿವಿ ಆವೃತ್ತಿಯನ್ನೇ ನೋಡಿ. ಪೀಟರ್ ಮತ್ತು ಕತರೀನಾ ಎಂಬ ಜೋಡಿಯನ್ನೇ ಬರ್ಗ್‌ಮನ್ 1980ರಲ್ಲಿ 'ಫ್ರಮ್ ದಿ ಲೈಫ್ ಆಫ್ ದಿ ಮೇರಿಯೊನೆಟ್ಸ್'ಗೆ ಬಳಸಿದರು, ಅಲ್ಲಿರುವವರು ಜರ್ಮನ್ ನಟರು. ಇನ್ನು ರಿಚರ್ಡ್ ಚೇಂಬರ್‌ಲೇನ್ ನಾಯಕನಾದ 1985ರ ಅಮೆರಿಕನ್ ಕಿರುಸರಣಿ 'ವಾಲೆನ್‌ಬರ್ಗ್: ಎ ಹೀರೋಸ್ ಸ್ಟೋರಿ'ಯಲ್ಲೂ ಇವರನ್ನು ನೋಡಬಹುದು.

ನಾಟಕಗಳಲ್ಲಿ ಮುಖ್ಯವಾದವು ಯಾವುವು?

1973ರಲ್ಲಿ ನ್ಯೂಯಾರ್ಕ್‌ನ ರಂಗಭೂಮಿ ಬ್ರಾಡ್‌ವೇಗೆ ಹೋದರು, ಎರಿಕ್ ಮಾರಿಯಾ ರಿಮಾರ್ಕ್ ಅವರ 'ಫುಲ್ ಸರ್ಕಲ್', ನಿರ್ದೇಶನ ಒಟ್ಟೊ ಪ್ರೆಮಿಂಜರ್. ತೂಕದ ಕೆಲಸ ನಡೆದದ್ದು ಡ್ರಾಮಾಟೆನ್‌ನಲ್ಲಿ, ಬರ್ಗ್‌ಮನ್ ನಿರ್ದೇಶನದಲ್ಲೇ: 1975ರಲ್ಲಿ ಶೇಕ್ಸ್‌ಪಿಯರ್‌ನ 'ಟ್ವೆಲ್ಫ್ತ್ ನೈಟ್'ನ ವಯೋಲಾ, 1988ರಲ್ಲಿ ಅಮೆರಿಕದ ನಾಟಕಕಾರ ಓನೀಲ್‌ನ 'ಲಾಂಗ್ ಡೇಸ್ ಜರ್ನಿ ಇಂಟು ನೈಟ್'ನ ತಾಯಿ ಮೇರಿ ಟೈರೋನ್, 1991ರಲ್ಲಿ ಇಬ್ಸೆನ್‌ನ 'ಪೇರ್ ಗ್ಯೂಂಟ್'ನ ತಾಯಿ ಓಸೆ. ಓನೀಲ್ ನಾಟಕ ಜಗತ್ತಿನಲ್ಲೇ ಮೊದಲ ಸಲ ರಂಗವೇರಿದ್ದು ಡ್ರಾಮಾಟೆನ್‌ನಲ್ಲಿ, 1956ರಲ್ಲಿ. ಆ ರಂಗಮಂದಿರದಲ್ಲಿ ಮಾರ್ಫಿನ್ ಚಟದ ಮೇರಿಯಾಗಿ ನಿಲ್ಲುವುದೆಂದರೆ ದೊಡ್ಡ ಹೋಲಿಕೆಯನ್ನು ಮೈಮೇಲೆ ಎಳೆದುಕೊಂಡಂತೆ.

## ಇನ್ನೂ ಆಳಕ್ಕೆ ಇಳಿಯುವವರಿಗೆ

'ದಿ ಟಚ್'ನ ಯಾವ ಆವೃತ್ತಿ ನೋಡಬೇಕು?

ಎರಡು ಭಾಷೆಯದು. ಇದು ಬರ್ಗ್‌ಮನ್ ಅವರ ಮೊದಲ ಇಂಗ್ಲಿಷ್ ಚಿತ್ರ, ಎರಡು ರೂಪದಲ್ಲಿದೆ. ಒಂದರಲ್ಲಿ ಎಲ್ಲರೂ ಎಲ್ಲ ಕಡೆ ಇಂಗ್ಲಿಷ್ ಮಾತಾಡುತ್ತಾರೆ. ಇನ್ನೊಂದರಲ್ಲಿ ಬೀಬಿಯ ಪಾತ್ರ ಕರೀನ್ ಮನೆಯಲ್ಲಿ ಗಂಡನ (ಮ್ಯಾಕ್ಸ್ ವಾನ್ ಸೀಡೋ) ಜೊತೆ ಸ್ವೀಡಿಷ್, ಪ್ರಿಯಕರ ಡೇವಿಡ್ (ಎಲಿಯಟ್ ಗೌಲ್ಡ್) ಜೊತೆ ಇಂಗ್ಲಿಷ್. ಗಂಡನ ಜೊತೆ ಸಲೀಸಾಗಿ ಹರಿಯುವ ದನಿ ಪ್ರಿಯಕರನ ಮುಂದೆ ಪದಕ್ಕಾಗಿ ತಡಕಾಡುವುದರಲ್ಲೇ ಕಥೆಯ ಅರ್ಧ ಇದೆ. ಇಂಗ್ಲಿಷ್ ರೂಪದಲ್ಲಿ ಆ ಅರ್ಧ ಮಾಯ, ಚಿತ್ರ ವರ್ಷಗಟ್ಟಲೆ ಕೆಟ್ಟ ಹೆಸರು ಹೊತ್ತುಕೊಂಡದ್ದಕ್ಕೆ ಇದೂ ಒಂದು ಕಾರಣ. ಪರೀಕ್ಷೆ ಸುಲಭ: ಆರಂಭದಲ್ಲಿ ತಾಯಿ ತೀರಿಕೊಂಡ ಆಸ್ಪತ್ರೆಯಲ್ಲಿ ಕರೀನ್ ಜೊತೆ ಸಿಬ್ಬಂದಿ ಇಂಗ್ಲಿಷ್ ಮಾತಾಡಿದರೆ ಅಲ್ಲೇ ನಿಲ್ಲಿಸಿ, ಇನ್ನೊಂದು ಪ್ರತಿ ಹುಡುಕಿ.

'ದಿ ಪ್ಯಾಶನ್ ಆಫ್ ಆನಾ'ದಲ್ಲಿ ನಡುವೆ ನಟರ ಸಂದರ್ಶನ ಯಾಕೆ?

ನಾಲ್ವರು ಮುಖ್ಯ ನಟರೂ ಒಬ್ಬೊಬ್ಬರಾಗಿ ಕಥೆ ನಿಲ್ಲಿಸಿ ತಮ್ಮ ಪಾತ್ರದ ಬಗ್ಗೆ ಮಾತಾಡುತ್ತಾರೆ. ನಿದ್ದೆ ಬಾರದ, ಗಂಡನಿಗೆ ತಾನು ಬೇಡವಾಗಿದ್ದೇನೆ ಎಂದುಕೊಂಡ ಎವಾ ಬೀಬಿಯ ಪಾತ್ರ. ಅವಳು ಸಾಯಲು ಪ್ರಯತ್ನಿಸಿ, ಬದುಕುಳಿದು, ಮುಂದೆ ಕಿವುಡ ಮಕ್ಕಳಿಗೆ ಪಾಠ ಹೇಳಬಹುದು ಎಂದು ಬೀಬಿ ಊಹಿಸುತ್ತಾರೆ. ಇದ್ಯಾವುದೂ ಚಿತ್ರದಲ್ಲಿ ನಡೆಯುವುದಿಲ್ಲ. ಉಳಿದವರ ಸಂದರ್ಶನ ಬಿಟ್ಟರೂ ನಷ್ಟವಿಲ್ಲ, ಇದನ್ನು ಬಿಡಬೇಡಿ.

ಡಿಸ್ಕ್ ತರಿಸಿದೆ, ಪ್ಲೇಯರ್‌ನಲ್ಲಿ ಓಡುತ್ತಿಲ್ಲ. ಯಾಕೆ? ಅವಧಿಯೂ ಬೇರೆ ಬೇರೆ ಇದೆ.

ಬ್ಲೂ-ರೇಗೆ ಮೂರು ವಲಯ. ಅಮೆರಿಕದ ಕ್ರೈಟೀರಿಯನ್ ಕಂಪನಿಯ ಡಿಸ್ಕ್‌ಗಳು 'ಎ' ವಲಯದವು, ಭಾರತ 'ಸಿ' ವಲಯ. ಇಲ್ಲಿ ಕೊಂಡ ಸಾಮಾನ್ಯ ಪ್ಲೇಯರ್ ಅವನ್ನು ತಿರಸ್ಕರಿಸುತ್ತದೆ, ಎಲ್ಲ ವಲಯ ಓದುವ ಪ್ಲೇಯರ್ ಬೇಕು. ಡಿಸ್ಕ್ ತರಿಸುವ ಮೊದಲೇ ಹಿಂಬದಿಯ ವಲಯದ ಗುರುತು ಕೇಳಿ ತಿಳಿದುಕೊಳ್ಳಿ. 39 ಚಿತ್ರಗಳ ಬರ್ಗ್‌ಮನ್ ಪೆಟ್ಟಿಗೆಗೂ (2018) ಇದೇ ಮಾತು.

ಅವಧಿಯ ವ್ಯತ್ಯಾಸಕ್ಕೆ ಬಹುತೇಕ ಕತ್ತರಿ ಕಾರಣವಲ್ಲ. ಸಿನಿಮಾ ಸೆಕೆಂಡಿಗೆ 24 ಚೌಕಟ್ಟು, ಯುರೋಪಿನ ಹಳೆಯ ಡಿವಿಡಿ 25. ಹಾಗಾಗಿ 84 ನಿಮಿಷದ 'ಪೆರ್ಸೋನಾ' ಅಲ್ಲಿ 80 ನಿಮಿಷ ಚಿಲ್ಲರೆಗೆ ಮುಗಿಯುತ್ತದೆ, ದನಿಯೂ ಚೂರು ಎತ್ತರಕ್ಕೆ ಹೋಗುತ್ತದೆ. ಬೀಬಿಯ ದನಿ ಕೇಳಲೆಂದೇ ಕೂತವರಿಗೆ ಇದು ಗೊತ್ತಾಗುತ್ತದೆ.

ಪರದೆಯ ಆಕಾರವನ್ನೂ ನೋಡಿಕೊಳ್ಳಿ. 'ಪೆರ್ಸೋನಾ' ಹೆಚ್ಚುಕಡಿಮೆ ಚೌಕದ ಚಿತ್ರ, ಟಿವಿಯ ಎಡಬಲಕ್ಕೆ ಕಪ್ಪು ಪಟ್ಟಿ ಇರಲೇಬೇಕು. ಪರದೆ ತುಂಬಿಕೊಂಡರೆ ಟಿವಿ 'ಜೂಮ್' ಅಥವಾ 'ವೈಡ್' ಸ್ಥಿತಿಯಲ್ಲಿದೆ ಎಂದರ್ಥ. ಜೂಮ್‌ನಲ್ಲಿ ಹಣೆ, ಗದ್ದ ಹಾರುತ್ತವೆ, ವೈಡ್‌ನಲ್ಲಿ ಮುಖ ಅಗಲವಾಗುತ್ತದೆ. ಸೆಟ್ಟಿಂಗ್‌ನಲ್ಲಿ 'ಒರಿಜಿನಲ್' ಆರಿಸಿ. ಛಾಯಾಗ್ರಾಹಕ ಸ್ವೆನ್ ನೀಕ್ವಿಸ್ಟ್ ಕಣ್ಣು ಮತ್ತು ತುಟಿಗೆ ಅಳತೆಯಿಟ್ಟು ಕಟ್ಟಿದ ಚೌಕಟ್ಟುಗಳವು.

ಕೊನೆಯ ವರ್ಷಗಳ ಬಗ್ಗೆ ಹೇಳಿ.

ನಿರ್ದೇಶಕ ಶೆಲ್ ಗ್ರೇದೆ ಅವರೊಂದಿಗೆ ಮೊದಲ ಮದುವೆ, ಒಬ್ಬಳು ಮಗಳು. ನಂತರ ರಾಜಕಾರಣಿ ಪೇರ್ ಆಲ್ಮಾರ್ಕ್ ಅವರೊಂದಿಗೆ, ಆಮೇಲೆ ಮೂರನೆಯದು. ತೊಂಬತ್ತರ ದಶಕದ ಯುದ್ಧದ ದಿನಗಳಲ್ಲಿ ಬೋಸ್ನಿಯಾದ ರಾಜಧಾನಿ ಸರಾಯೆವೋದ ರಂಗಭೂಮಿಯವರಿಗೆ ನೆರವಾಗಲು ಓಡಾಡಿದರು. 1996ರಲ್ಲಿ ಆತ್ಮಕಥೆ ಸ್ವೀಡಿಷ್‌ನಲ್ಲಿ ಬಂತು. ಪೋಷಕ ಪಾತ್ರಗಳನ್ನು ಬಿಡಲಿಲ್ಲ: 'ಬಾಬೆಟ್ಸ್ ಫೀಸ್ಟ್' (1987) ಚಿತ್ರದಲ್ಲಿ ಒಂದು ಕ್ಷಣ ಕಾಣುವ ಆಸ್ಥಾನದ ಮಹಿಳೆ, ಮಕ್ಕಳ ಚಿತ್ರ 'ಎಲೀನಾ'ದಲ್ಲಿ (2002) ತರಗತಿಯಲ್ಲಿ ಫಿನ್ನಿಷ್ ಮಾತಾಡಗೊಡದ ಕಠಿಣ ಶಿಕ್ಷಕಿ, 'ಆರ್ನ್'ನಲ್ಲಿ (2007) ಮಠದ ಮುಖ್ಯಸ್ಥೆ ರಿಕಿಸ್ಸಾ. 2009ರಲ್ಲಿ ಪಾರ್ಶ್ವವಾಯು ಹೊಡೆದು ಮಾತು ಹೋಯಿತು, ಅಲ್ಲಿಗೆ ವೃತ್ತಿ ನಿಂತಿತು. ನಗುಮುಖದ ಹುಡುಗಿ ಎಂಬ ಹಣೆಪಟ್ಟಿ ಎಷ್ಟು ಪೊಳ್ಳು ಎಂದು ನೋಡಬೇಕಾದರೆ 'ಎಲೀನಾ' ಸಾಕು. ತಪ್ಪು ತನ್ನದೆಂದು ಗೊತ್ತಿದ್ದೂ ಮಗುವಿನೆದುರು ಸೋಲೊಪ್ಪಲಾರದ ಹೆಂಗಸನ್ನು ಅವರು ಖಳನಾಯಕಿ ಮಾಡದೆ ನಿಭಾಯಿಸಿದ್ದಾರೆ.

'ಪೆರ್ಸೋನಾ' ಎರಡನೇ ಸಲ ನೋಡುವಾಗ ಏನು ಗಮನಿಸಲಿ? ಸ್ವೀಡಿಷ್ ಬರುವುದಿಲ್ಲ.

ಮೊದಲ ಸಲ ಸಬ್‌ಟೈಟಲ್ ಇಟ್ಟುಕೊಂಡು ನೋಡಿ. ಎರಡನೇ ಸಲ ತೀರದ ಕಥೆಯ ದೃಶ್ಯಕ್ಕೆ ಮಾತ್ರ ಸಬ್‌ಟೈಟಲ್ ತೆಗೆಯಿರಿ, ಕಥೆ ಹೇಗೂ ಗೊತ್ತಿದೆ. ಓದುವ ಕೆಲಸ ತಪ್ಪಿದ ತಕ್ಷಣ ಕಣ್ಣು ಬೀಬಿಯ ಸಿಗರೇಟು ಹಿಡಿದ ಕೈಗೆ, ಕಿವಿ ಉಸಿರಿಗೆ ಹೋಗುತ್ತದೆ. ಚಿತ್ರದ ಆರಂಭದಲ್ಲಿ ಆಸ್ಪತ್ರೆಯ ವೈದ್ಯೆಯೆದುರು ನಿಂತ ಆಲ್ಮಾಳ ದನಿಯನ್ನು ನೆನಪಿಟ್ಟುಕೊಳ್ಳಿ, ಪಾಠ ಒಪ್ಪಿಸುವ ವಿದ್ಯಾರ್ಥಿನಿಯ ದನಿ ಅದು. ದ್ವೀಪದ ಮನೆಯಲ್ಲಿ ಅದು ಇಳಿಯುತ್ತದೆ, ಸಡಿಲವಾಗುತ್ತದೆ. ಆಲ್ಮಾ ಕುದಿಯುವ ನೀರಿನ ಪಾತ್ರೆ ಎತ್ತಿದಾಗ ಎಲಿಸಬೆಟ್ ಹೆದರಿ 'ಬೇಡ, ಬಿಡು' ಎನ್ನುತ್ತಾಳಲ್ಲ, ಆ ಕ್ಷಣ ಆಲ್ಮಾಳ ಮುಖ ನೋಡಿ: ಗೆದ್ದ ಖುಷಿಯೂ ಮಾಡಿದ್ದಕ್ಕೆ ಹೆದರಿಕೆಯೂ ಒಟ್ಟಿಗೆ ಬಂದಿರುತ್ತವೆ. ಕೊನೆಯಲ್ಲಿ ಸಮವಸ್ತ್ರ ತೊಟ್ಟು ಬಸ್ಸು ಹತ್ತಲು ಹೊರಡುವಾಗ ಅವಳಿಗೆ ಒಂದೂ ಮಾತಿಲ್ಲ. ನಡಿಗೆ ಮಾತ್ರ ಆರಂಭದ ಆಲ್ಮಾಳದಲ್ಲ, ಎರಡನ್ನೂ ಒಂದರ ಹಿಂದೊಂದು ಹಾಕಿ ನೋಡಿದರೆ ವ್ಯತ್ಯಾಸ ಸ್ಪಷ್ಟ.